ಪರ್ಮಿಟ್ ಇದ್ದರೂ ಈಗ ತರಗೆಲೆ ಸುಡಬಾರದಾ?

ಹಿತ್ತಲಮನೆ: ತರಗೆಲೆ, ಕಡಿದ ಕೊಂಬೆ ಸೇರಿ ಸೊಂಟದೆತ್ತರ ಗುಡ್ಡೆಯಾಗಿದೆ. ಹೋದ ತಿಂಗಳೇ ಸುಡಲು ಪರ್ಮಿಟ್ ತಗೊಂಡಿದ್ದೆ, ಈಗ ನೋಡಿದರೆ ಕಾಳ್ಗಿಚ್ಚಿನ ಭಯಕ್ಕೆ ಬೆಂಕಿ ನಿಷೇಧ ಹಾಕಿದ್ದಾರೆ. ಡ್ರಮ್ಮಿನೊಳಗೆ ಸುಟ್ಟರೆ ನಡೆಯುತ್ತಾ?

ಒಣಹುಲ್ಲು: ಸಾಮಾನ್ಯವಾಗಿ ನಿಷೇಧ ಬಂದ ಮೇಲೆ ಹಳೇ ಪರ್ಮಿಟ್ ನಡೆಯೋದಿಲ್ಲ. ಡ್ರಮ್ಮಿಗೂ ಬಹಳ ಕಡೆ ಅದೇ ನಿಯಮ. ಸುಮ್ನೆ ಊಹೆ ಮಾಡಬೇಡಿ, ಅಗ್ನಿಶಾಮಕದವರಿಗೆ ಒಂದು ಫೋನ್ ಮಾಡಿ. ಬೆಂಕಿ ಪಕ್ಕದ ಜಾಗಕ್ಕೆ ಹಬ್ಬಿದರೆ ದಂಡದ ಜೊತೆ ನಷ್ಟವೂ ನಿಮ್ಮ ತಲೆಗೇ ಬರಬಹುದು.

ಬೂದಿಕೆಂಡ: ನಾನೊಮ್ಮೆ ಸುಟ್ಟು, ಎರಡು ಬಕೆಟ್ ನೀರು ಸುರಿದು ಮಲಗಿದ್ದೆ. ಬೆಳಿಗ್ಗೆ ಗಾಳಿ ಎದ್ದಾಗ ಬೂದಿಯಡಿಯಿಂದ ಸಣ್ಣಗೆ ಹೊಗೆ! ಕೋಲಿನಲ್ಲಿ ಕೆದಕಿದರೆ ಕೆಂಪು ಕೆಂಡ, ಪಕ್ಕದ ಬೇರೂ ಒಳಗೊಳಗೇ ಉರಿಯುತ್ತಿತ್ತು. ಅದೂ ನಿಷೇಧ ಇಲ್ಲದ ಕಾಲದಲ್ಲಿ. ನೀರು ಹಾಕಿ, ಕಲಕಿ, ಮತ್ತೆ ಹಾಕಿ, ಬೂದಿ ಪೂರ್ತಿ ತಣ್ಣಗಾಗುವ ತನಕ ಅಲ್ಲಿಂದ ಕದಲಬಾರದು.

ಮಣ್ಣುಹುಳ: ಸುಡಲೇಬೇಕು ಅಂತೇನಿದೆ? ಎಲೆ ಗೊಬ್ಬರದ ಗುಂಡಿಗೆ, ಕೊಂಬೆ ತುಂಡು ಮಾಡಿಸಿ. ಅಲ್ಲಿವರೆಗೆ ಗುಡ್ಡೆ ಮನೆ ಗೋಡೆಯಿಂದ ದೂರ ಇರಲಿ, ಕಾಳ್ಗಿಚ್ಚಿನ ಕಿಡಿ ಗಾಳಿಯಲ್ಲಿ ಒಂದು ಕಿಲೋಮೀಟರ್‌ಗಿಂತ ಜಾಸ್ತಿ ಹಾರಿ ಬರಬಹುದು.

ಹಿತ್ತಲಮನೆ: ಗುಡ್ಡೆ ಗೋಡೆಗೆ ಒರಗಿಕೊಂಡೇ ಇದೆ ಮಾರಾಯ್ರೇ. ಇವತ್ತೇ ಸರಿಸುತ್ತೇನೆ.