ತುಲಸಿ ಚಕ್ರವರ್ತಿಯವರ ಅಭಿನಯದ ಕುರಿತು

ಪ್ರಶ್ನೆ (ಉಡುಪಿಯಿಂದ):
ಗೆಳೆಯರೊಂದಿಗೆ ಈಚೆಗೆ ಸತ್ಯಜಿತ್ ರಾಯ್ ಅವರ ಬಂಗಾಳಿ ಚಿತ್ರ ‘ಪಥೇರ್ ಪಾಂಚಾಲಿ’ಯನ್ನು ಮತ್ತೆ ನೋಡಿದೆ. ಜೀನಸಿನ ಅಂಗಡಿಯಲ್ಲಿ ಕುಳಿತು, ಗಿರಾಕಿಗಳಿಗೆ ಸಾಮಾನು ಕೊಡುತ್ತಲೇ ಮಕ್ಕಳಿಗೆ ಉಕ್ತಲೇಖನ ಹೇಳುವ, ನಡುವೆ ಬೆತ್ತವನ್ನೂ ಹಿಡಿಯುವ ಆ ಐಗಳ ಪಾತ್ರ ಕೆಲವೇ ನಿಮಿಷಗಳದ್ದಾದರೂ ಮನಸ್ಸಿನಿಂದ ಹೋಗುತ್ತಿಲ್ಲ. ಪಾತ್ರಧಾರಿ ತುಲಸಿ ಚಕ್ರವರ್ತಿಯವರ ಬಗ್ಗೆ ಬಲ್ಲವರು ದಯವಿಟ್ಟು ತಿಳಿಸಬೇಕು. ಅವರಿಗೆ ದೊಡ್ಡ ಪಾತ್ರಗಳು ಸಿಗಲೇ ಇಲ್ಲವೇ?

ಉತ್ತರ (ಮಂಗಳೂರಿನಿಂದ):
ಸಿಕ್ಕಿತು, ಆದರೆ ಬಹಳ ತಡವಾಗಿ. 1899ರಲ್ಲಿ ಹುಟ್ಟಿದ ಅವರು ದೊಡ್ಡಪ್ಪನ ಮೂಲಕ ಕೋಲ್ಕತ್ತದ ಸ್ಟಾರ್ ಥಿಯೇಟರ್ ಸೇರಿ, ಹಾಡು, ತಬಲಾ, ಅಭಿನಯಗಳನ್ನೆಲ್ಲ ರಂಗದ ಮೇಲೆಯೇ ಕಲಿತವರು. 1932ರಿಂದ ಸಿನಿಮಾಗಳಲ್ಲಿ ನಟಿಸಿದರೂ ಹೆಚ್ಚಾಗಿ ದೊರೆತದ್ದು ಚಿಕ್ಕ ಪಾತ್ರಗಳೇ. 1958ರಲ್ಲಿ ಸತ್ಯಜಿತ್ ರಾಯ್ ‘ಪರಶ್ ಪಾಥರ್’ ಚಿತ್ರಕ್ಕೆ ಅವರನ್ನೇ ನಾಯಕನನ್ನಾಗಿ ಆರಿಸಿದಾಗ ಅವರಿಗೆ ಅರುವತ್ತು ಸಮೀಪಿಸಿತ್ತು. ಕಬ್ಬಿಣವನ್ನು ಚಿನ್ನವಾಗಿಸುವ ಕಲ್ಲು ಸಿಕ್ಕ ಬಡ ಗುಮಾಸ್ತನ ಕಥೆಯದು. ಸಿರಿವಂತರ ಪಾರ್ಟಿಯಲ್ಲಿ ಯಾರೂ ತನ್ನನ್ನು ಲೆಕ್ಕಕ್ಕೆ ಇಟ್ಟುಕೊಳ್ಳದಿದ್ದಾಗ ಕುಡಿದ ಅಮಲಿನಲ್ಲಿ ಎಲ್ಲರೆದುರೇ ಆ ಕಲ್ಲಿನ ಮಹಿಮೆಯನ್ನು ತೋರಿಸಿಬಿಡುವ ದೃಶ್ಯದಲ್ಲಿ, ನಗುತ್ತಿರುವಾಗಲೇ ನಮಗೆ ಅವನ ಮೇಲೆ ಕನಿಕರ ಹುಟ್ಟುತ್ತದೆ. ನನ್ನ ಮಟ್ಟಿಗೆ ಅವರ ಶ್ರೇಷ್ಠ ಅಭಿನಯ ಅದೇ. ನಮ್ಮ ಯಕ್ಷಗಾನದ ನುರಿತ ಹಾಸ್ಯಗಾರರು ಎರಡು ಮಾತಿನ ದೂತನ ಪಾತ್ರದಲ್ಲೂ ಇಡೀ ಸಭೆಯನ್ನು ಹಿಡಿದಿಡುವ ಹಾಗೆ, ಅವರೂ ಪಾತ್ರದ ಉದ್ದವನ್ನು ನೋಡಿ ಶ್ರಮವನ್ನು ಅಳೆದವರಲ್ಲ.

ಉತ್ತರ (ಮಣಿಪಾಲದಿಂದ):
ಮೇಲಿನವರು ಹೇಳಿದ್ದು ಸರಿ. ಆದರೆ 1953ರ ‘ಸಾಡೇ ಚುಯಾತ್ತರ್’ ಚಿತ್ರವನ್ನು ಬಿಡುವಂತಿಲ್ಲ. ಉತ್ತಮ್ ಕುಮಾರ್ ಮತ್ತು ಸುಚಿತ್ರಾ ಸೇನ್ ಮೊದಲ ಬಾರಿಗೆ ಜೋಡಿಯಾದ ಚಿತ್ರವೆಂದು ಅದನ್ನು ನೆನೆಯುತ್ತಾರಾದರೂ, ಹಾಸ್ಯದ ಭಾರವನ್ನು ಹೊತ್ತವರಲ್ಲಿ ಮುಖ್ಯರು ಬೋರ್ಡಿಂಗ್ ಮನೆಯ ಯಜಮಾನನಾದ ತುಲಸಿಯವರು ಮತ್ತು ಅವರ ಹೆಂಡತಿಯ ಪಾತ್ರದ ಮಲಿನಾ ದೇವಿ. ಗಂಡನ ಮೇಲೆ ಅನುಮಾನಪಡುವ ಆ ಹೆಂಡತಿಯ ಎದುರು ಮುದಿ ಗಂಡ ತಬ್ಬಿಬ್ಬಾಗುವುದನ್ನು ಅವರು ಎಲ್ಲಿಯೂ ಅತಿಯಾಗಿಸದೆ ಅಭಿನಯಿಸಿದ್ದಾರೆ.

ಪ್ರಶ್ನೆ ಕೇಳಿದವರು:
ಇಬ್ಬರಿಗೂ ಕೃತಜ್ಞತೆಗಳು. ನಾಯಕನಾದ ಮೇಲಾದರೂ ಅವರ ಸ್ಥಿತಿ ಸುಧಾರಿಸಿತೇ?

ಉತ್ತರ (ಮಂಗಳೂರಿನಿಂದ):
ಅದಕ್ಕೆ ಹೆಚ್ಚು ಕಾಲವೇ ಉಳಿದಿರಲಿಲ್ಲ. 1961ರ ಡಿಸೆಂಬರಿನಲ್ಲಿ ಅವರು ತೀರಿಕೊಂಡರು. ನೀವು ಮೊದಲು ‘ಸಾಡೇ ಚುಯಾತ್ತರ್’, ಅನಂತರ ‘ಪರಶ್ ಪಾಥರ್’ ನೋಡಿ.