ಹೆದ್ದಾರಿಗೆ 14 ಗುಂಟೆ ಹೋಗುತ್ತಿದೆ, ಬೋರ್‌ವೆಲ್ ಅದರಲ್ಲೇ ಇದೆ. ಉಳಿದ ತೋಟದ ಗತಿ ಏನು?

ಗುಬ್ಬಿ_ತೆಂಗು:
ನಮ್ಮದು ಗುಬ್ಬಿ ತಾಲ್ಲೂಕು, ಒಂದೂವರೆ ಎಕರೆ ತೆಂಗಿನ ತೋಟ. ಹೆದ್ದಾರಿ ಅಗಲ ಮಾಡೋಕೆ ಅಂತ 14 ಗುಂಟೆಗೆ ಕಲ್ಲು ನೆಟ್ಟು ಹೋಗಿದ್ದಾರೆ. ಬೋರ್‌ವೆಲ್ ಆ ಕಲ್ಲಿನ ಒಳಗೇ ಬರುತ್ತೆ. ಅದು ಹೋದರೆ ಉಳಿದ ಮರಗಳಿಗೆ ನೀರಿಲ್ಲ, ಈ ಕಡೆ ಮತ್ತೆ ಕೊರೆಸಿದರೆ ನೀರು ಬೀಳುತ್ತೆ ಅನ್ನೋ ನಂಬಿಕೆ ಮನೇಲಿ ಯಾರಿಗೂ ಇಲ್ಲ. ಪಹಣಿ ಇನ್ನೂ ತಾತನ ಹೆಸರಲ್ಲಿದೆ. ಊರಿಗೆ ಬಂದುಹೋಗೋ ಒಬ್ಬರು "ಸುಮ್ನೆ ಸಹಿ ಹಾಕಿ, ದುಡ್ಡು ಬೇಗ ಬರುತ್ತೆ" ಅಂತಾರೆ. ಅಪ್ಪ ರಾತ್ರಿಯೆಲ್ಲ ನಿದ್ದೆ ಮಾಡ್ತಿಲ್ಲ. ಕೊಡಲ್ಲ ಅನ್ನೋ ಹಕ್ಕು ನಮಗಿದೆಯಾ?

ಮಾಲೂರು_ರೈತ:
ನೋಟಿಸ್‌ನಲ್ಲಿ ಯಾವ ಕಾಯ್ದೆ ಅಂತ ಮೊದಲು ನೋಡಿ ಅಣ್ಣ. ನಮ್ಮ ಕಡೆ ಕೈಗಾರಿಕೆಗೆ ತಗೊಂಡಿದ್ದು 1966ರ ಕೆಐಎಡಿಬಿ (ಕರ್ನಾಟಕ ಕೈಗಾರಿಕಾ ಪ್ರದೇಶ ಅಭಿವೃದ್ಧಿ ಮಂಡಳಿ) ಕಾಯ್ದೆಯಲ್ಲಿ, ನೋಟಿಸ್ ಕೈಗೆ ಬಂದು 30 ದಿನದೊಳಗೆ ತಕರಾರು ಕೊಡಬೇಕಿತ್ತು. ರಾಷ್ಟ್ರೀಯ ಹೆದ್ದಾರಿ ಆದರೆ 1956ರ ಕಾಯ್ದೆ. ಜಮೀನು ತಗೋತೀವಿ ಅಂತ ಹೇಳೋ 3ಎ ಅಧಿಸೂಚನೆ ಗೆಜೆಟ್‌ನಲ್ಲಿ ಬಂದ ದಿನದಿಂದ ತಕರಾರಿಗೆ 21 ದಿನ ಅಷ್ಟೇ. ನಮ್ಮೂರಲ್ಲಿ ಎಲ್ಲರೂ ಬಾಯಲ್ಲಿ ಜಗಳ ಆಡಿದರು, ಬರೆದು ಕೊಟ್ಟವರು ಕಡಿಮೆ. ಆಮೇಲೆ ಕೇಳೋಕೆ ಹೋದಾಗ ಕೈಯಲ್ಲಿ ಒಂದು ಸ್ವೀಕೃತಿ ಚೀಟಿಯೂ ಇರಲಿಲ್ಲ. ನನಗೆ ಈಗಲೂ ಅದೇ ಸಂಕಟ.

ತುಮಕೂರು_ವಕೀಲ:
ಕೊಡಲ್ಲ ಅಂದರೆ ರಸ್ತೆ ನಿಲ್ಲುತ್ತೆ ಅಂತ ನಾನು ಆಸೆ ತೋರಿಸಲ್ಲ. 1978ರ 44ನೇ ತಿದ್ದುಪಡಿ ಆದ ಮೇಲೆ ಆಸ್ತಿ ಮೂಲಭೂತ ಹಕ್ಕಲ್ಲ. ಆದರೆ ಸಂವಿಧಾನದ 300ಎ ವಿಧಿ ಇದೆ, ಕಾನೂನು ಬಿಟ್ಟು ಯಾರೂ ಜಮೀನು ಕಿತ್ತುಕೊಳ್ಳೋ ಹಾಗಿಲ್ಲ.

ನಿಮಗೆ ಬೋರ್‌ವೆಲ್ಲೇ ದೊಡ್ಡ ವಿಷಯ. ಜಮೀನು ತುಂಡಾಗಿ ಉಳಿದ ಭಾಗಕ್ಕೆ ಆಗೋ ನಷ್ಟ, ಅದರಿಂದ ಬರೋ ಆದಾಯಕ್ಕೆ ಬೀಳೋ ಪೆಟ್ಟು, ಎರಡನ್ನೂ ಪರಿಹಾರದಲ್ಲಿ ಲೆಕ್ಕ ಹಿಡಿಯಬೇಕು ಅಂತ ಅದೇ ಹೆದ್ದಾರಿ ಕಾಯ್ದೆಯ 3ಜಿ(7) ಹೇಳುತ್ತೆ. ಜನ ಇದನ್ನು ಕೇಳೋದೇ ಇಲ್ಲ, ಗುಂಟೆಗೆ ಎಷ್ಟು ಅಂತ ಮಾತ್ರ ಕೇಳ್ತಾರೆ. ಅದಕ್ಕೇ ಜಂಟಿ ಅಳತೆ ದಿನ ಅಪ್ಪ ಅಲ್ಲೇ ಇರಲಿ. ಬೋರ್‌ವೆಲ್, ಪಂಪು, ಪೈಪು, ಹೋಗೋ ಮರ, ಆ ನೀರನ್ನೇ ನಂಬಿ ಉಳಿಯೋ ಮರ ಎಲ್ಲವೂ ಮಹಜರಿನಲ್ಲಿ ಬರಬೇಕು. ಬರದಿದ್ದರೆ ಸಹಿ ಹಾಕೋ ಜಾಗದಲ್ಲೇ ಅದನ್ನು ಬರೆಯಿರಿ. ಫೋಟೊ ತೆಗೆದಿಡಿ.

2015ರ ಜನವರಿ 1ರಿಂದ ಹೆದ್ದಾರಿ ಜಮೀನಿಗೂ 2013ರ ಭೂಸ್ವಾಧೀನ ಕಾಯ್ದೆಯ ಲೆಕ್ಕವೇ. ಮರ, ಬೋರ್‌ವೆಲ್ ಸೇರಿ ಆದ ಮೊತ್ತದ ಮೇಲೆ ಇನ್ನೂ ಅಷ್ಟೇ ಸೊಲೇಷಿಯಂ (ಬಲವಂತವಾಗಿ ತಗೊಳ್ಳೋದಕ್ಕೆ ಕೊಡೋ ಹೆಚ್ಚುವರಿ ಹಣ), ಅಂದರೆ ಶೇ. 100. ಕಡಿಮೆ ಅನಿಸಿದರೆ 3ಜಿ(5) ಪ್ರಕಾರ ಮಧ್ಯಸ್ಥಗಾರರ ಮುಂದೆ ಹೋಗಬಹುದು. ಹಣ ತಗೊಳ್ಳುವಾಗ "ತಕರಾರು ಉಳಿಸಿಕೊಂಡು ಪಡೆದಿದ್ದೇನೆ" ಅಂತ ಬರೆದೇ ತಗೊಳ್ಳಿ. ತಾತನ ಹೆಸರಿಂದ ವಾರಸುದಾರರ ಹೆಸರಿಗೆ ಬದಲಿಸೋ ಪೌತಿ ಖಾತೆಗೆ ಇವತ್ತೇ ಅರ್ಜಿ ಹಾಕಿ. ಅತ್ತೆಯಂದಿರು ಇದ್ದರೆ ಈಗಲೇ ಕೂತು ಮಾತಾಡಿ, ಪಾಲಿನ ಜಗಳ ಎದ್ದರೆ ವಿಷಯ ಕೋರ್ಟಿಗೆ ಹೋಗಿ ಹಣ ಅಲ್ಲೇ ನಿಲ್ಲುತ್ತೆ.

ಗುಬ್ಬಿ_ತೆಂಗು:
ಈಗ ನೋಟಿಸ್ ತೆಗೆದು ನೋಡಿದೆ ಸರ್. 3ಎ ಅಂತಲೇ ಇದೆ, ಗೆಜೆಟ್ ಆಗಿ 9 ದಿನ. ಸಹಿ ಹಾಕಿಲ್ಲ. ಸೋಮವಾರ ಅಪ್ಪನ ಜೊತೆ ಹೋಗಿ ತಕರಾರು ಕೊಟ್ಟು ಸೀಲ್ ಹಾಕಿಸಿಕೊಂಡು ಬರ್ತೀನಿ.