ಅಪ್‌ಡೇಟ್: ಗಂಟಿಲ್ಲದ ಕಸ್ಟರ್ಡ್ ಕೊನೆಗೂ ಬಂತು

ಕಸ್ಟರ್ಡ್ ಮಾಡಿದಾಗಲೆಲ್ಲ ಗಂಟು ಕಟ್ಟುತ್ತದೆ, ಯಾಕೆ ಅಂತ ಕೇಳಿದ್ದೆ ಅಲ್ವಾ? ತಪ್ಪು ನನ್ನದೇ. ಕಸ್ಟರ್ಡ್ ಪುಡಿಯನ್ನು ಸೀದಾ ಕುದಿಯುವ ಹಾಲಿಗೆ ಸುರಿಯುತ್ತಿದ್ದೆ. ಆ ಪುಡಿಯಲ್ಲಿರುವುದು ಜಾಸ್ತಿ ಮೆಕ್ಕೆಜೋಳದ ಪಿಷ್ಟ (ಕಾರ್ನ್‌ಫ್ಲೋರ್). ಬಿಸಿ ತಾಗಿದ ಕೂಡಲೇ ಹೊರಗೆ ಬೆಂದು, ಒಳಗೆ ಒಣ ಹಿಟ್ಟೇ ಉಳಿಯುತ್ತದೆ.

ಈ ಸಲ ಅರ್ಧ ಲೀಟರ್ ಹಾಲಿನಲ್ಲಿ ಸ್ವಲ್ಪ ತಣ್ಣಗೇ ತೆಗೆದಿಟ್ಟು, 2 ದೊಡ್ಡ ಚಮಚ ಪುಡಿ ಕದಡಿದೆ. ಉಳಿದದ್ದಕ್ಕೆ 3 ಚಮಚ ಸಕ್ಕರೆ ಹಾಕಿ ಕಾಯಿಸಿ, ಉರಿ ಸಣ್ಣ ಮಾಡಿ, ಕದಡಿದ್ದನ್ನು ನಿಧಾನವಾಗಿ ಬಿಟ್ಟೆ. ಕೈ ಮಾತ್ರ ನಿಲ್ಲಿಸಲಿಲ್ಲ. ಸೌಟಿನ ಬೆನ್ನ ಮೇಲೆ ಬೆರಳಿಂದ ಗೆರೆ ಎಳೆದೆ, ಗೆರೆ ಹಾಗೇ ನಿಂತಿತು, ಅಂದರೆ ಹದ ಬಂತು! ತೆಳ್ಳಗಿದೆ ಅನಿಸಿದರೂ ಸುಮ್ನೆ ಬಿಟ್ಟೆ. ತಣ್ಣಗಾದ ಮೇಲೆ ತಾನೇ ಗಟ್ಟಿಯಾಯಿತು.

ಮುಚ್ಚಿಡಲು ಮರೆತು ಮೇಲೆ ಕೆನೆ ಕಟ್ಟಿತು. ಅದನ್ನೂ ನಾನೇ ತಿಂದೆ.